ಮನುಷ್ಯನನ್ನು ಕುಬ್ಜಗೊಳಿಸಲು ಕಟ್ಟಿದ ಶಿಲಾಸೌಧಗಳು

ಬರ್ಲಿನ್ ನಗರದ ಟೆಂಪಲ್‌ಹೋಫ್ ಭಾಗದಲ್ಲಿ, ಸಾಧಾರಣ ವಸತಿ ಕಟ್ಟಡಗಳ ಮಗ್ಗುಲಲ್ಲಿ, ಒಂದು ಬೃಹತ್ ಕಾಂಕ್ರೀಟ್ ಸ್ತಂಭ ನಿಂತಿದೆ. ನೆಲದ ಮೇಲೆ ಅದರ ಎತ್ತರ 14 ಮೀಟರ್, ವ್ಯಾಸ 21 ಮೀಟರ್. ನೆಲದೊಳಗೆ ಇನ್ನೂ 18 ಮೀಟರ್ ಇಳಿದಿದೆ. ತೂಕ 12,650 ಟನ್. ಅದು ಗೋಪುರವಲ್ಲ, ಸ್ಮಾರಕವಲ್ಲ, ಯಾರೂ ಅದರಲ್ಲಿ ವಾಸಿಸಲಿಲ್ಲ. 1941-42ರಲ್ಲಿ ಅದನ್ನು ನಿರ್ಮಿಸಿದ್ದು ಭಾರ ಹೇರಿ ಬರ್ಲಿನ್ನಿನ ಮಣ್ಣನ್ನು ಪರೀಕ್ಷಿಸುವುದಕ್ಕಾಗಿ ಮಾತ್ರ. ಹಿಟ್ಲರನ ಕನಸಿನ ರಾಜಧಾನಿಯಲ್ಲಿ ತಲೆಯೆತ್ತಬೇಕಾಗಿದ್ದ ವಿಜಯದ ಕಮಾನಿನ ಭಾರವನ್ನು ಈ ನೆಲ ತಾಳೀತೇ ಎಂಬುದು ಪ್ರಶ್ನೆಯಾಗಿತ್ತು. ಮೂರು ವರ್ಷ ತುಂಬುವುದರೊಳಗೆ ಸ್ತಂಭ ಸುಮಾರು 18ರಿಂದ 19 ಸೆಂಟಿಮೀಟರ್ ಕುಸಿಯಿತು. ಅಷ್ಟು ಕುಸಿತ ತಂತ್ರಜ್ಞರು ಒಪ್ಪಬಹುದಾದ ಮಿತಿಯನ್ನು ಬಹುವಾಗಿ ಮೀರಿತ್ತು. ಮಂತ್ರಿಗಳಾಗಲಿ ಸೇನಾಧಿಪತಿಗಳಾಗಲಿ ಹೇಳಲಾರದ ಮಾತನ್ನು ಮಣ್ಣು ಹೇಳಿತ್ತು.

ಜರ್ಮನಿಗೆ ಬರುವ ನಮ್ಮ ಬಂಧುಮಿತ್ರರು ಬ್ರಾಂಡೆನ್‌ಬುರ್ಗ್ ದ್ವಾರದ ಮುಂದೆ ನಿಂತು ಭಾವಚಿತ್ರ ತೆಗೆಸಿಕೊಳ್ಳುತ್ತಾರೆ, ಗೋಡೆಯ ಅವಶೇಷಗಳನ್ನು ನೋಡುತ್ತಾರೆ. ಈ ಸ್ತಂಭದ ಬಳಿಗೆ ಬರುವವರು ವಿರಳ. ಆದರೆ ನಾಜಿ ಕಾಲದ ಕಟ್ಟಡಗಳನ್ನು ತೋರಿಸಿದಾಗಲೆಲ್ಲ ಒಂದು ಮಾತನ್ನು ಮಾತ್ರ ತಪ್ಪದೆ ಕೇಳಿದ್ದೇನೆ: "ಕೆಟ್ಟವರಿರಬಹುದು, ಆದರೆ ಎಂಥ ಶಿಸ್ತು, ಎಂಥ ದಕ್ಷತೆ! ನಮ್ಮಲ್ಲಿ ಒಂದು ಮೇಲ್ಸೇತುವೆ ಮುಗಿಯಲು ಹತ್ತು ವರ್ಷ ಬೇಕು." ಹೀಗೆ ಹೇಳುವವರು ಸಜ್ಜನರು, ವಿದ್ಯಾವಂತರು. ಅವರ ಬೇಸರದಲ್ಲಿ ಹುರುಳಿಲ್ಲವೆಂದಲ್ಲ. ಆದರೂ ನ್ಯೂರೆಂಬರ್ಗ್ ಸೀಮೆಯಲ್ಲಿ ಎರಡು ದಶಕಗಳಿಂದ ವೈದ್ಯವೃತ್ತಿ ನಡೆಸುತ್ತಿರುವ ನನಗೆ ಆ ಮೆಚ್ಚುಗೆಗೆ ಉತ್ತರ ಕೊಡುವುದು ಅಗತ್ಯವೆನಿಸುತ್ತದೆ. ಏಕೆಂದರೆ ಆ ಮೆಚ್ಚುಗೆಯನ್ನು ಹುಟ್ಟಿಸುವುದೇ ಆ ಕಟ್ಟಡಗಳ ಕೆಲಸವಾಗಿತ್ತು.

ಜರ್ಮೇನಿಯಾ: ಕಾಗದದ ಮೇಲಿನ ರಾಜಧಾನಿ

1937ರ ಜನವರಿ 30ರಂದು ಹಿಟ್ಲರ್ ತನ್ನ ಮೆಚ್ಚಿನ ವಾಸ್ತುಶಿಲ್ಪಿ ಆಲ್ಬರ್ಟ್ ಸ್ಪೀರ್‌ನನ್ನು ರಾಜಧಾನಿಯ ಪುನರ್ನಿರ್ಮಾಣದ ಪರಮಾಧಿಕಾರಿಯನ್ನಾಗಿ ನೇಮಿಸಿದನು. ಆಗ ಸ್ಪೀರ್‌ಗೆ ಇನ್ನೂ 31 ವರ್ಷ. ನಗರಸಭೆಯ ಒಪ್ಪಿಗೆಯನ್ನು ಕಾಯಬೇಕಾದ ಅಗತ್ಯ ಅವನಿಗಿರಲಿಲ್ಲ. ಇಂದು 'ಜರ್ಮೇನಿಯಾ' ಎಂಬ ಹೆಸರಿನಿಂದ ಪ್ರಸಿದ್ಧವಾಗಿರುವ ಆ ಯೋಜನೆಯ ನಡುಬೆನ್ನು ಉತ್ತರ-ದಕ್ಷಿಣವಾಗಿ ಸಾಗುವ ಒಂದು ಮಹಾಮಾರ್ಗ. ಅದರ ಒಂದು ತುದಿಯಲ್ಲಿ 117 ಮೀಟರ್ ಎತ್ತರದ ವಿಜಯ ಕಮಾನು. ಪ್ಯಾರಿಸ್ಸಿನ ಪ್ರಸಿದ್ಧ ಕಮಾನಿನ ಎತ್ತರ 50 ಮೀಟರ್ ಮಾತ್ರ. ಮತ್ತೊಂದು ತುದಿಯಲ್ಲಿ 'ಜನಸಭಾಂಗಣ'ವೆಂಬ ಗುಮ್ಮಟ: ಎತ್ತರ 290 ಮೀಟರ್, ವ್ಯಾಸ 250 ಮೀಟರ್, ಒಳಗೆ ಒಂದೂವರೆ ಲಕ್ಷಕ್ಕೂ ಮೀರಿದ ಜನ.

ಇಂತಹ ಅಂಕಿಗಳು ಮನಸ್ಸಿಗೆ ಸುಲಭವಾಗಿ ನಿಲುಕುವುದಿಲ್ಲ. ನಮ್ಮ ವಿಜಯಪುರದ ಗೋಳಗುಮ್ಮಟವನ್ನು ನೋಡಿದವರಿಗೆ ಒಂದು ಅಳತೆ ಹೇಳಬಲ್ಲೆ. ಗೋಳಗುಮ್ಮಟದ ಹೊರವ್ಯಾಸ ಸುಮಾರು 44 ಮೀಟರ್. ಬರ್ಲಿನ್ನಿನ ಗುಮ್ಮಟದ ನೆತ್ತಿಯಲ್ಲಿ ಬೆಳಕು ಬರಲೆಂದು ಬಿಡಬೇಕೆಂದಿದ್ದ ರಂಧ್ರದ ವ್ಯಾಸವೇ 46 ಮೀಟರ್. ಅಂದರೆ ನಮ್ಮ ಗುಮ್ಮಟ ಆ ಬೆಳಕಿಂಡಿಯಲ್ಲಿ ತೂರಿಹೋಗುತ್ತಿತ್ತು. ಅಷ್ಟು ಜನ ಒಂದೇ ಸೂರಿನಡಿ ಸೇರಿದರೆ ಅವರ ಉಸಿರಿನ ತೇವ ಮೇಲೇರಿ, ತಣಿದು, ಹನಿಹನಿಯಾಗಿ ತಲೆಯ ಮೇಲೆ ಸುರಿಯಬಹುದೆಂಬ ಆತಂಕವನ್ನು ಈ ಯೋಜನೆಯ ಕುರಿತು ಬರೆದವರು ಚರ್ಚಿಸಿದ್ದಾರೆ. ಉಸಿರಾಡುವ ಮನುಷ್ಯನನ್ನು ಲೆಕ್ಕಕ್ಕೇ ಹಿಡಿಯದೆ ಎಳೆದ ನಕ್ಷೆಯದು.

ಈ ಗಾತ್ರ ಆಕಸ್ಮಿಕವಲ್ಲ. ಅಂತಹ ಸಭಾಂಗಣದಲ್ಲಿ ದೂರದ ಸಾಲಿನಲ್ಲಿ ನಿಂತವನಿಗೆ ವೇದಿಕೆಯ ಮೇಲಿನ ನಾಯಕ ಚುಕ್ಕೆಯಾಗಿ ಕಾಣುತ್ತಿದ್ದನು, ನಾಯಕನಿಗೆ ಅವನು ಕಾಣುತ್ತಲೇ ಇರಲಿಲ್ಲ. ಅಲ್ಲಿ ಪ್ರಶ್ನೆ ಕೇಳುವುದು ಸಾಧ್ಯವಿಲ್ಲ. ಒಬ್ಬನ ಧ್ವನಿ ಇನ್ನೊಬ್ಬನಿಗೆ ತಲುಪುವುದಿಲ್ಲ. ಎಲ್ಲರೂ ಒಟ್ಟಾಗಿ ಘೋಷಣೆ ಕೂಗುವುದಷ್ಟೇ ಸಾಧ್ಯ.

ಒಂದು ರಾತ್ರಿ, ಒಂದು ಮೊಗಸಾಲೆ

ಕಟ್ಟಡವೊಂದು ಮನುಷ್ಯನ ಮೇಲೆ ಹೇಗೆ ಒತ್ತಡ ಹೇರಬಲ್ಲದೆಂಬುದನ್ನು ಅರಿಯಲು ಕಾಗದದ ನಕ್ಷೆಯಿಂದ ನಿಜವಾಗಿ ಕಟ್ಟಿದ ಸೌಧಕ್ಕೆ ಬರಬೇಕು. ಬರ್ಲಿನ್ನಿನ ಫೋಸ್ ಬೀದಿಯಲ್ಲಿ ಸ್ಪೀರ್ ಕಟ್ಟಿದ ಹೊಸ ಚಾನ್ಸಲರಿ 1939ರ ಜನವರಿಯಲ್ಲಿ ಸಿದ್ಧವಾಯಿತು. ಒಳಗೆ ಬಂದ ವಿದೇಶೀ ಅತಿಥಿಯು ಅಂಗಳ, ಮೊಗಸಾಲೆ, ಸಭಾಗೃಹಗಳನ್ನು ಒಂದಾದ ಮೇಲೊಂದರಂತೆ ಹಾದುಹೋಗಬೇಕಾಗಿತ್ತು. ಅಮೃತಶಿಲೆಯ ಮೊಗಸಾಲೆಯೊಂದೇ 146 ಮೀಟರ್ ಉದ್ದ. ಫ್ರಾನ್ಸಿನ ವರ್ಸೇಲ್ಸ್ ಅರಮನೆಯ ಕನ್ನಡಿ ಸಭಾಂಗಣದ ಎರಡರಷ್ಟು. ನುಣುಪಾದ ನೆಲದ ಮೇಲೆ ಜಮಖಾನೆ ಹಾಸಲು ಹಿಟ್ಲರ್ ಒಪ್ಪಲಿಲ್ಲವೆಂದೂ, ರಾಯಭಾರಿಗಳು ಜಾರುವ ನೆಲದ ಮೇಲೆ ನಡೆಯುವುದನ್ನು ಕಲಿಯಬೇಕೆಂಬುದು ಅವನ ಅಭಿಪ್ರಾಯವಾಗಿತ್ತೆಂದೂ ಸ್ಪೀರ್ ತನ್ನ ಆತ್ಮಕಥೆಯಲ್ಲಿ ಬರೆದಿದ್ದಾನೆ. ಹಿಟ್ಲರನ ಕಚೇರಿ ಕೊಠಡಿಯ ವಿಸ್ತೀರ್ಣ ಸುಮಾರು 400 ಚದರ ಮೀಟರ್. ಬೆಂಗಳೂರಿನ ಭಾಷೆಯಲ್ಲಿ ಹೇಳುವುದಾದರೆ ಮೂರೂವರೆ 'ಮೂವತ್ತು-ನಲವತ್ತು' ನಿವೇಶನಗಳು ಒಬ್ಬನ ಮೇಜಿಗಾಗಿ.

1939ರ ಮಾರ್ಚ್ 14ರ ರಾತ್ರಿ ಚೆಕೊಸ್ಲೊವಾಕಿಯದ ಅಧ್ಯಕ್ಷ ಎಮಿಲ್ ಹಾಖಾ ಈ ಸೌಧಕ್ಕೆ ಬರಬೇಕಾಯಿತು. ಅವರಿಗೆ 66 ವರ್ಷ. ಹೃದಯ ದುರ್ಬಲವಾಗಿತ್ತು. ರೈಲಿನಲ್ಲಿ ಬಂದಿಳಿದ ಅವರನ್ನು ಹಿಟ್ಲರ್ ಮಧ್ಯರಾತ್ರಿ ಕಳೆಯುವವರೆಗೆ ಕಾಯಿಸಿದನು. ಒಂದು ಗಂಟೆಯ ನಂತರ, ಗೌರವಾಂಗಣದಲ್ಲಿ ಸಾಲುಗಟ್ಟಿದ ಕಾವಲುಪಡೆಯನ್ನು ದಾಟಿ, ಆ ವೃದ್ಧರು ಆ ವಿಶಾಲ ಕೊಠಡಿಯನ್ನು ಹೊಕ್ಕರು. ದೇಶವನ್ನು ಒಪ್ಪಿಸದಿದ್ದರೆ ಪ್ರಾಗ್ ನಗರದ ಮೇಲೆ ಬಾಂಬು ಬೀಳುವುದೆಂದು ಗೋರಿಂಗ್ ಬೆದರಿಸಿದಾಗ ಹಾಖಾ ಕುಸಿದರು. ಹಿಟ್ಲರನ ಖಾಸಗಿ ವೈದ್ಯ ಮೊರೆಲ್ ಚುಚ್ಚುಮದ್ದು ಕೊಟ್ಟು ಅವರನ್ನು ಎಚ್ಚರಿಸಿದನು. ಬೆಳಗಿನ ಜಾವ ನಾಲ್ಕು ಗಂಟೆಯ ಹೊತ್ತಿಗೆ ಸಹಿ ಬಿದ್ದಿತು. ಬೆಳಗಾಗುತ್ತಲೇ ಜರ್ಮನ್ ಸೇನೆ ಗಡಿ ದಾಟಿತು.

ವೈದ್ಯನಾಗಿ ಈ ಪ್ರಸಂಗವನ್ನು ಓದಿದಾಗಲೆಲ್ಲ ಆ ಚುಚ್ಚುಮದ್ದು ನನ್ನನ್ನು ಕಾಡುತ್ತದೆ. ರೋಗಿಯನ್ನು ಉಳಿಸಲು ಕೊಡಬೇಕಾದ ಮದ್ದನ್ನು ಅವನಿಂದ ಸಹಿ ಪಡೆಯಲು ಕೊಡಲಾಯಿತು. ಹಾಖಾ ಅವರನ್ನು ಕೆಡವಿದ್ದು ಕಟ್ಟಡವಲ್ಲ, ಬೆದರಿಕೆ. ಆದರೆ ಅಪರಾತ್ರಿಯ ನಿದ್ದೆಗೇಡು, ದೀರ್ಘ ನಿರೀಕ್ಷೆ, ಕಾವಲುಗಾರರ ಸಾಲು, ಹೆಜ್ಜೆ ಪ್ರತಿಧ್ವನಿಸುವ ನೆಲ, ಇವೆಲ್ಲವೂ ಆ ಬೆದರಿಕೆಗೆ ಹಾಕಿದ ರಂಗಸಜ್ಜಿಕೆಯಾಗಿದ್ದವು. ಅಲ್ಲಿಗೆ ಬಂದವನು ಮಾತಿಗೆ ಕೂರುವ ಮೊದಲೇ ಅರ್ಧ ಸೋತಿರಬೇಕೆಂಬುದು ಆ ಸೌಧದ ವಿನ್ಯಾಸದಲ್ಲಿಯೇ ಅಡಗಿತ್ತು.

ಇನ್ನು ದಕ್ಷತೆಯ ಮಾತು. ಈ ಸೌಧವನ್ನು ಒಂದೇ ವರ್ಷದಲ್ಲಿ ಕಟ್ಟಿ ಮುಗಿಸಿದ ಪವಾಡವೆಂದು ಅಂದಿನ ಪ್ರಚಾರ ಸಾರಿತು. ಆದರೆ ಯೋಜನೆ, ನಿವೇಶನಗಳ ಖರೀದಿ, ಕಾಮಗಾರಿ ಎಲ್ಲವೂ ಅದಕ್ಕೂ ಬಹಳ ಮೊದಲೇ ಆರಂಭವಾಗಿದ್ದವೆಂದು ಇತಿಹಾಸಕಾರರು ತೋರಿಸಿಕೊಟ್ಟಿದ್ದಾರೆ. ಸಹಸ್ರಾರು ವರ್ಷ ಬಾಳಬೇಕೆಂದು ಕಟ್ಟಿದ ಸೌಧ ಆರೇ ವರ್ಷಗಳಲ್ಲಿ ಪಾಳುಬಿದ್ದಿತು. ಇಂದು ಆ ಜಾಗದಲ್ಲಿ ಪೂರ್ವ ಜರ್ಮನಿಯ ಕಾಲದ ಸಾಮಾನ್ಯ ವಸತಿ ಸಮುಚ್ಚಯಗಳಿವೆ. ಬಾಲ್ಕನಿಗಳಲ್ಲಿ ಹೂವಿನ ಕುಂಡಗಳಿವೆ.

ನ್ಯೂರೆಂಬರ್ಗ್: ಬೆಳಕಿನ ಮರೆಯಲ್ಲಿ

ನಾನಿರುವ ಸೀಮೆಯ ನ್ಯೂರೆಂಬರ್ಗ್ ನಾಜಿ ಪಕ್ಷದ ವಾರ್ಷಿಕ ಸಮಾವೇಶಗಳ ನಗರ. 1933ರಿಂದ 1938ರವರೆಗೆ ಪ್ರತಿವರ್ಷ ಇಲ್ಲಿ ಲಕ್ಷಾಂತರ ಜನ ಸೇರುತ್ತಿದ್ದರು. ಸ್ಪೀರ್ ವಿನ್ಯಾಸಗೊಳಿಸಿದ ಜೆಪ್ಪೆಲಿನ್ ಮೈದಾನದ ಪ್ರಧಾನ ವೇದಿಕೆ ಸುಮಾರು 360 ಮೀಟರ್ ಉದ್ದವಿದೆ. ಪ್ರಾಚೀನ ಪೆರ್ಗಮಾನ್ ಯಜ್ಞವೇದಿಯ ಮಾದರಿ ಅದಕ್ಕೆ ಸ್ಫೂರ್ತಿ. ರಾತ್ರಿಯ ಹೊತ್ತು ಮೈದಾನದ ಸುತ್ತ ನೂರಕ್ಕೂ ಹೆಚ್ಚು ಸೇನಾ ಶೋಧದೀಪಗಳನ್ನು ಆಕಾಶಕ್ಕೆ ತಿರುಗಿಸಿ 'ಬೆಳಕಿನ ದೇಗುಲ'ವನ್ನು ನಿರ್ಮಿಸಲಾಗುತ್ತಿತ್ತು. ಅದನ್ನು ಕಂಡವರು ರೋಮಾಂಚನಗೊಂಡರು. ಆದರೆ ರಾತ್ರಿಯನ್ನೇ ಆರಿಸಿಕೊಂಡದ್ದರ ಹಿಂದಿನ ಕಾರಣವನ್ನು ಸ್ಪೀರ್ ಮುಂದೆ ತಾನೇ ಬರೆದನು. ಹೊಟ್ಟೆ ಬೆಳೆಸಿಕೊಂಡ ಪಕ್ಷದ ಅಧಿಕಾರಿಗಳಿಗೆ ಶಿಸ್ತಾಗಿ ಕವಾಯತು ಮಾಡಲು ಬರುತ್ತಿರಲಿಲ್ಲವಂತೆ, ಅವರನ್ನು ಕತ್ತಲಲ್ಲಿ ನಡೆಸುವುದೇ ಕ್ಷೇಮವೆನಿಸಿತಂತೆ! ನಮ್ಮ ಬಂಧುಗಳು ಮೆಚ್ಚುವ ಶಿಸ್ತಿನ ಒಂದು ಭಾಗ ಹೀಗೆ ದೀಪದ ಆಟವಾಗಿತ್ತು.

ಅನತಿ ದೂರದ ಕಾಂಗ್ರೆಸ್ ಭವನಕ್ಕೆ 1935ರಲ್ಲಿ ಶಂಕುಸ್ಥಾಪನೆಯಾಯಿತು. 50,000 ಜನರಿಗೆಂದು ಯೋಜಿಸಿದ ಅದು ಚಾವಣಿಯನ್ನೇ ಕಾಣಲಿಲ್ಲ. ಹೊರಗಿನಿಂದ ಗ್ರಾನೈಟಿನ ಗಾಂಭೀರ್ಯ, ಒಳಗೆ ಬರಿಯ ಇಟ್ಟಿಗೆ. ನಾಲ್ಕು ಲಕ್ಷ ಜನರಿಗಾಗಿ ಯೋಜಿಸಿದ್ದ ಕ್ರೀಡಾಂಗಣಕ್ಕೆ 1937ರಲ್ಲಿ ಅಡಿಗಲ್ಲು ಹಾಕಿದರು. ಅದು ಅಡಿಪಾಯದ ಹೊಂಡವಾಗಿಯೇ ಉಳಿಯಿತು. ಹೊಂಡದಲ್ಲಿ ನೀರು ತುಂಬಿ ಕೆರೆಯಾಯಿತು. ಅದರ ಹೆಸರು 'ಬೆಳ್ಳಿಕೆರೆ'. ಹೆಸರು ಚೆಂದ, ನೀರು ವಿಷ. ಯುದ್ಧಾನಂತರ ಪಕ್ಕದಲ್ಲಿ ಸುರಿದ ಅವಶೇಷ ಮತ್ತು ಕಸದ ರಾಶಿಯಿಂದ ಸೋರಿದ ದ್ರವದಿಂದಾಗಿ ಅದರಲ್ಲಿ ಹೈಡ್ರೋಜನ್ ಸಲ್ಫೈಡ್ ತುಂಬಿದೆ. ಈಜಲಿಳಿದವರು ಪ್ರಾಣ ಕಳೆದುಕೊಂಡಿದ್ದಾರೆ. ಪ್ರವಾಸಕ್ಕೆ ಬರುವ ಯುವಕರು ದಡದ ಎಚ್ಚರಿಕೆಯ ಫಲಕಗಳನ್ನು ಹಗುರವಾಗಿ ಕಾಣಬಾರದು.

ಕಲ್ಲು ಬಂದದ್ದು ಎಲ್ಲಿಂದ?

ಇಷ್ಟು ಗ್ರಾನೈಟು, ಇಷ್ಟು ಇಟ್ಟಿಗೆ ಬರಬೇಕಾದದ್ದು ಎಲ್ಲಿಂದ? ಭವ್ಯ ಕಟ್ಟಡದ ಮುಂದೆ ನಿಂತವರು ಸಾಮಾನ್ಯವಾಗಿ ಈ ಪ್ರಶ್ನೆಯನ್ನು ಕೇಳುವುದಿಲ್ಲ. 1938ರ ಏಪ್ರಿಲ್‌ನಲ್ಲಿ ನಾಜಿಗಳ ಎಸ್‌ಎಸ್ ಪಡೆಯು ಮಣ್ಣು ಮತ್ತು ಕಲ್ಲಿನ ಒಂದು ಕಂಪನಿಯನ್ನು ಸ್ಥಾಪಿಸಿತು. ಅದೇ ವರ್ಷ ಬವೇರಿಯಾದ ಫ್ಲೋಸೆನ್‌ಬುರ್ಗ್‌ನಲ್ಲಿ, ಆಸ್ಟ್ರಿಯದ ಮೌತ್‌ಹೌಸೆನ್‌ನಲ್ಲಿ ಸೆರೆಶಿಬಿರಗಳು ತಲೆಯೆತ್ತಿದವು. ಎರಡನ್ನೂ ಆರಿಸಿದ್ದು ಗ್ರಾನೈಟ್ ಗಣಿಗಳ ಮಗ್ಗುಲಲ್ಲಿ. ಬರ್ಲಿನ್ನಿಗೆ ಬೇಕಾದ ಇಟ್ಟಿಗೆಗಾಗಿ ಸಾಕ್ಸನ್‌ಹೌಸೆನ್ ಶಿಬಿರದ ಬಳಿ ಕಾರ್ಖಾನೆ ತೆರೆದರು. ವಾಸ್ತುಶಿಲ್ಪದ ಬೇಡಿಕೆಯೂ ಸೆರೆಶಿಬಿರಗಳ ವಿಸ್ತರಣೆಯೂ ಒಂದೇ ಲೆಕ್ಕಪುಸ್ತಕದ ಎರಡು ಪುಟಗಳಾದವು.

ಮೌತ್‌ಹೌಸೆನ್ ಗಣಿಯಲ್ಲಿ 186 ಮೆಟ್ಟಿಲುಗಳಿವೆ. ಹಸಿದ ಕೈದಿಗಳು ಬೆನ್ನ ಮೇಲೆ ಬಂಡೆ ಹೊತ್ತು ಅವನ್ನು ಹತ್ತಬೇಕಾಗಿತ್ತು. ಮುಂದಿನವನು ಎಡವಿದರೆ ಹಿಂದಿನ ಸಾಲೆಲ್ಲ ಉರುಳುತ್ತಿತ್ತು. ಆ ಶಿಬಿರ ಮತ್ತು ಅದರ ಉಪಶಿಬಿರಗಳಲ್ಲಿ ಸುಮಾರು 90,000 ಜನ ಸತ್ತರು, ಫ್ಲೋಸೆನ್‌ಬುರ್ಗ್ ವ್ಯವಸ್ಥೆಯಲ್ಲಿ ಸುಮಾರು 30,000. ಹಸಿವು, ಆಮಶಂಕೆ, ಟೈಫಸ್ ಜ್ವರ, ಹೊಡೆತ, ಗುಂಡು ಇವೆಲ್ಲವೂ ಕಾರಣಗಳು. ವೈದ್ಯನ ಕಣ್ಣಿಗೆ ಬಹುಪಾಲು ತಡೆಯಬಹುದಾಗಿದ್ದ ಸಾವುಗಳು. ಆದರೆ ತಡೆಯುವುದು ಆ ವ್ಯವಸ್ಥೆಯ ಉದ್ದೇಶವಾಗಿರಲಿಲ್ಲ.

ಮನೆಗಳ ಕಥೆಯೂ ಹೀಗೆಯೇ. ಮಹಾಮಾರ್ಗಕ್ಕಾಗಿ ಕೆಡವಬೇಕಾದ ಮನೆಗಳಲ್ಲಿದ್ದವರಿಗೆ ಬದಲಿ ಮನೆ ಬೇಕಾಗಿತ್ತು. ಸ್ಪೀರ್‌ನ ಕಚೇರಿ ಕಂಡುಕೊಂಡ ದಾರಿ ಸರಳ: ಯಹೂದಿಗಳನ್ನು ಅವರ ಮನೆಗಳಿಂದ ಹೊರಹಾಕುವುದು. ಸಾವಿರಾರು ಮನೆಗಳು ಹೀಗೆ ತೆರವಾದವು. 1941ರ ಅಕ್ಟೋಬರ್ 18ರಂದು ಬರ್ಲಿನ್ನಿನ ಗ್ರೂನವಾಲ್ಡ್ ನಿಲ್ದಾಣದಿಂದ ಯಹೂದಿಗಳನ್ನು ಹೊತ್ತ ಮೊದಲ ರೈಲು ಪೋಲೆಂಡಿನ ಲೋಡ್ಜ್ ನಗರದತ್ತ ಹೊರಟಿತು. ದಕ್ಷತೆಯೆಂದು ನಾವು ಮೆಚ್ಚುವುದರ ಗುಟ್ಟು ಇಷ್ಟೇ. 'ಬೇಡ' ಎನ್ನುವ ಹಕ್ಕು ಯಾರಿಗೂ ಇರಲಿಲ್ಲ. ಭೂಸ್ವಾಧೀನದ ವಿರುದ್ಧ ನ್ಯಾಯಾಲಯಕ್ಕೆ ಹೋಗುವ ರೈತನಿಲ್ಲದ, ಕೂಲಿ ಕೇಳುವ ಕಾರ್ಮಿಕನಿಲ್ಲದ, ಲೆಕ್ಕ ಕೇಳುವ ಪತ್ರಿಕೆಯಿಲ್ಲದ ದೇಶದಲ್ಲಿ ಕೆಲಸ ಬೇಗ ನಡೆಯುವಂತೆ ಕಾಣುತ್ತದೆ. ಅಷ್ಟಾದರೂ ಬಹುಪಾಲು ಮುಗಿಯಲಿಲ್ಲವೆಂಬುದನ್ನು ಬೆಳ್ಳಿಕೆರೆ ಹೇಳುತ್ತದೆ.

ಕಾರ್ಮಿಕರ ಅರಮನೆ, ಕಾರ್ಮಿಕರ ಬಂಡಾಯ

ಇದು ನಾಜಿಗಳೊಬ್ಬರದೇ ವ್ಯಾಧಿಯಲ್ಲ. ಯುದ್ಧದ ನಂತರ ಪೂರ್ವ ಬರ್ಲಿನ್ನಿನಲ್ಲಿ ಕಮ್ಯುನಿಸ್ಟ್ ಸರ್ಕಾರ ಸ್ಟಾಲಿನ್ ಮಾರ್ಗವನ್ನು ನಿರ್ಮಿಸಿತು: 89 ಮೀಟರ್ ಅಗಲ, ಎರಡು ಕಿಲೋಮೀಟರಿಗೂ ಹೆಚ್ಚು ಉದ್ದ, ಇಕ್ಕೆಲಗಳಲ್ಲಿ 'ಕಾರ್ಮಿಕರ ಅರಮನೆಗಳು'. ನ್ಯಾಯವಾಗಿ ಹೇಳಬೇಕೆಂದರೆ ಅವು ಒಳ್ಳೆಯ ಮನೆಗಳೇ. ಲಿಫ್ಟು, ಬಿಸಿನೀರು, ಶಾಖ ವ್ಯವಸ್ಥೆಯಿದ್ದ ಆ ಮನೆಗಳಲ್ಲಿ ಇಂದಿಗೂ ಜನ ಸಂತೋಷದಿಂದ ವಾಸಿಸುತ್ತಿದ್ದಾರೆ. ಆದರೆ ಕೂಲಿ ಹೆಚ್ಚಿಸದೆ ಕೆಲಸದ ಪ್ರಮಾಣವನ್ನು ಶೇ. 10ರಷ್ಟು ಏರಿಸಿದಾಗ, 1953ರ ಜೂನ್ 16ರಂದು ಅದೇ ಮಾರ್ಗದ ಕಟ್ಟಡ ಕಾರ್ಮಿಕರು ಸಲಿಕೆ ಕೆಳಗಿಟ್ಟು ಸರ್ಕಾರದ ಕಚೇರಿಯತ್ತ ಹೊರಟರು. ಆ ಕಚೇರಿಯಿದ್ದದ್ದು ಗೋರಿಂಗ್ ತನ್ನ ವಾಯುಯಾನ ಸಚಿವಾಲಯಕ್ಕಾಗಿ 1935-36ರಲ್ಲಿ ಕಟ್ಟಿಸಿದ ಬೃಹತ್ ಸೌಧದಲ್ಲಿ! ಮರುದಿನ ಬಂಡಾಯ ದೇಶದ ಸುಮಾರು 700 ಊರುಗಳಿಗೆ ಹರಡಿತು. ಸೋವಿಯತ್ ಟ್ಯಾಂಕುಗಳು ಅದನ್ನು ಹತ್ತಿಕ್ಕಿದವು. ಕನಿಷ್ಠ 55 ಜನ ಪ್ರಾಣ ತೆತ್ತರು. 1961ರಲ್ಲಿ ಒಂದು ರಾತ್ರಿ ಸ್ಟಾಲಿನ್ ಪ್ರತಿಮೆಯನ್ನು ಸದ್ದಿಲ್ಲದೆ ತೆಗೆದರು, ಬೀದಿಯ ಹೆಸರೂ ಬದಲಾಯಿತು. ಆ ಪ್ರತಿಮೆಯಿಂದ ಉಳಿದವು ಮೀಸೆಯ ಒಂದು ತುಣುಕು ಮತ್ತು ಒಂದು ಕಿವಿ.

ಉಳಿಸುವುದೋ, ಕೆಡಹುವುದೋ?

ಇಂತಹ ಪರಂಪರೆಯನ್ನು ಇಂದಿನ ಜರ್ಮನಿ ಏನು ಮಾಡಿತು? ಕೆಲವನ್ನು ಕೆಡವಿತು, ಕೆಲವನ್ನು ಬಳಸಿತು, ಕೆಲವನ್ನು ಸಾಕ್ಷಿಯಾಗಿ ಉಳಿಸಿತು. ಗೋರಿಂಗ್‌ನ ಸೌಧದಲ್ಲಿ ಈಗ ಒಕ್ಕೂಟದ ಹಣಕಾಸು ಸಚಿವಾಲಯವಿದೆ, ಅದರ ಮುಂದೆ 1953ರ ಬಂಡಾಯದ ಸ್ಮಾರಕವಿದೆ. 1936ರ ಒಲಿಂಪಿಕ್ ಕ್ರೀಡಾಂಗಣದಲ್ಲಿ 2006ರ ವಿಶ್ವಕಪ್ ಫುಟ್‌ಬಾಲ್ ಅಂತಿಮ ಪಂದ್ಯ ನಡೆಯಿತು. ಟೆಂಪಲ್‌ಹೋಫ್‌ನ ಸ್ತಂಭಕ್ಕೆ 1995ರಿಂದ ಸಂರಕ್ಷಿತ ಸ್ಮಾರಕದ ಸ್ಥಾನವಿದೆ. ನ್ಯೂರೆಂಬರ್ಗ್‌ನ ಕಾಂಗ್ರೆಸ್ ಭವನದಲ್ಲಿ 2001ರಲ್ಲಿ ದಾಖಲೆ ಕೇಂದ್ರ ತೆರೆಯಿತು. ವಾಸ್ತುಶಿಲ್ಪಿ ಗುಂಟರ್ ಡೊಮೆನಿಗ್ ಉಕ್ಕು ಮತ್ತು ಗಾಜಿನ ಒಂದು ಓಣಿಯನ್ನು ಆ ಕಲ್ಲಿನ ಗೋಡೆಗಳ ನಡುವೆ ಈಟಿಯಂತೆ ಓರೆಯಾಗಿ ತೂರಿಸಿದ್ದಾರೆ.

ಜೆಪ್ಪೆಲಿನ್ ವೇದಿಕೆಯ ಕಲ್ಲುಗಳು ನೀರು ಇಳಿದು ಸಡಿಲವಾಗುತ್ತಿವೆ. ಅದನ್ನು ಸುಮಾರು 8.5 ಕೋಟಿ ಯೂರೋ ವೆಚ್ಚದಲ್ಲಿ ಭದ್ರಪಡಿಸಲು ನಿರ್ಧರಿಸಿದಾಗ ವಾದವಿವಾದಗಳು ನಡೆದವು. ತೆರಿಗೆಯ ಹಣವನ್ನು ನಾಜಿ ಕಲ್ಲಿಗೇಕೆ ಸುರಿಯಬೇಕೆಂಬುದು ಒಂದು ವಾದ. ಅದನ್ನು ಹೊಸತಾಗಿಸುವುದಿಲ್ಲ, ಅಲಂಕರಿಸುವುದಿಲ್ಲ, ಜನ ಅಪಾಯವಿಲ್ಲದೆ ಹತ್ತಿ ನೋಡಿ ಕಲಿಯುವಂತೆ ಇರಿಸುತ್ತೇವೆ ಎಂಬುದು ನಗರದ ಉತ್ತರ. ನನಗೆ ಈ ಮಧ್ಯಮಾರ್ಗ ಸರಿಯೆನಿಸುತ್ತದೆ. ಗಾಯದ ಕಲೆಯನ್ನು ಮರೆಮಾಚಿದರೆ ಮುಂದಿನ ವೈದ್ಯನಿಗೆ ರೋಗದ ಇತಿಹಾಸ ತಿಳಿಯುವುದಿಲ್ಲ.

ಪ್ರಜಾಪ್ರಭುತ್ವಗಳೂ ದೊಡ್ಡದಾಗಿ ಕಟ್ಟುತ್ತವೆ, ಅದರಲ್ಲಿ ದೋಷವಿಲ್ಲ. ಬರ್ಲಿನ್ನಿನ ಸಂಸತ್ ಭವನದ ಮೇಲೆ 1999ರಲ್ಲಿ ನಾರ್ಮನ್ ಫಾಸ್ಟರ್ ಗಾಜಿನ ಗುಮ್ಮಟವನ್ನು ಕಟ್ಟಿದರು. ಅದೂ ಭವ್ಯವೇ. ಆದರೆ ಅಲ್ಲಿ ಸಾಮಾನ್ಯ ಜನರು ಗುಮ್ಮಟದೊಳಗೆ ಸುತ್ತುತ್ತ ಮೇಲೇರಿ, ಕೆಳಗೆ ಕೂತ ಜನಪ್ರತಿನಿಧಿಗಳ ಸಭಾಂಗಣವನ್ನು ನೋಡುತ್ತಾರೆ. ಗಾತ್ರವನ್ನು ಮಾತ್ರ ಅಳೆಯುವುದರಿಂದ ಪ್ರಯೋಜನವಿಲ್ಲ. ಯಾರು ಮೇಲೆ, ಯಾರು ಕೆಳಗೆ ಎಂಬುದನ್ನು ಗಮನಿಸಬೇಕು. ಕಟ್ಟುವ ಮೊದಲು ಪ್ರಶ್ನಿಸಲು ಅವಕಾಶವಿತ್ತೇ, ಕಟ್ಟಿದವರಿಗೆ ಕೂಲಿ ಸಂದಿತೇ, ಯಾರ ಮನೆ ಹೋಯಿತು ಎಂದು ವಿಚಾರಿಸಬೇಕು.

ಇಲ್ಲಿಗೆ ಬರಲು ಸಿದ್ಧರಾಗುತ್ತಿರುವವರಿಗೆ

ಜರ್ಮನಿಗೆ ಬರಲಿರುವ ವೈದ್ಯರು, ದಾದಿಯರು, ತಂತ್ರಜ್ಞರು ಭಾಷೆಯ ಪರೀಕ್ಷೆಗೆ ಶ್ರಮಪಡುತ್ತಾರೆ, ಅದು ಅಗತ್ಯ. ಜೊತೆಗೆ ಈ ಇತಿಹಾಸವನ್ನೂ ತಿಳಿದಿರಬೇಕು. ಮುಂದೆ ಪೌರತ್ವ ಬಯಸಿದರೆ ಎದುರಿಸಬೇಕಾದ ಪರೀಕ್ಷೆಯ 33 ಪ್ರಶ್ನೆಗಳಲ್ಲಿ 17ಕ್ಕೆ ಸರಿಯುತ್ತರ ಬೇಕು. ಅದರ ಪ್ರಶ್ನೆಕೋಶದಲ್ಲಿ ನಾಜಿ ಕಾಲದ ಪ್ರಶ್ನೆಗಳೂ ಇವೆ. ಹಿಟ್ಲರನ ವೇದಿಕೆಯ ಮೇಲೆ ನಿಂತು ತಮಾಷೆಗೆಂದು ಕೈ ಮುಂದೆ ಚಾಚಿ ಚಿತ್ರ ತೆಗೆಸಿಕೊಳ್ಳಬೇಡಿ. ನಾಜಿ ವಂದನೆ ಇಲ್ಲಿ ದಂಡನೀಯ ಅಪರಾಧ.

1945ರ ಏಪ್ರಿಲ್‌ನಲ್ಲಿ ಅಮೆರಿಕನ್ ಸೈನಿಕರು ಈ ವೇದಿಕೆಯ ನೆತ್ತಿಯಿಂದ ಸ್ಫೋಟಿಸಿ ಉರುಳಿಸಿದ ನಾಜಿ ಚಿಹ್ನೆಗೂ ನಮ್ಮ ಮಂಗಳಕರ ಸ್ವಸ್ತಿಕಕ್ಕೂ ಅರ್ಥದಲ್ಲಿ ಸಂಬಂಧವಿಲ್ಲ, ಧಾರ್ಮಿಕ ಬಳಕೆಯನ್ನು ಶಿಕ್ಷಿಸುವುದು ಕಾನೂನಿನ ಉದ್ದೇಶವೂ ಅಲ್ಲ. ಆದರೂ ಹೊಸ ಕಾರಿಗೆ ಪೂಜೆ ಮಾಡಿ ಕುಂಕುಮದಲ್ಲಿ ಅದನ್ನು ಬರೆದು ಬೀದಿಗಿಳಿದರೆ ನೆರೆಯ ಅಜ್ಜಿ ಬೆಚ್ಚಿಬೀಳಬಹುದು. ಮನೆಯೊಳಗೆ ಪೂಜಿಸಿರಿ, ಬೀದಿಯಲ್ಲಿ ಅವರ ನೋವನ್ನು ನೆನೆಯಿರಿ.

ನ್ಯೂರೆಂಬರ್ಗ್‌ಗೆ ಬಂದ ನೆಂಟರನ್ನು ಜೆಪ್ಪೆಲಿನ್ ಮೈದಾನಕ್ಕೆ ಕರೆದೊಯ್ದ ಮೇಲೆ ಹಳೆಯ ಪೇಟೆಯಲ್ಲಿ ಇನ್ನೊಂದನ್ನು ತೋರಿಸುತ್ತೇನೆ. ಪಾದಚಾರಿ ಮಾರ್ಗದಲ್ಲಿ ಹುದುಗಿಸಿದ, ಹತ್ತು ಸೆಂಟಿಮೀಟರ್ ಚೌಕದ ಒಂದು ಹಿತ್ತಾಳೆ ಫಲಕ. ಇಲ್ಲಿ ಇಂಥವರು ವಾಸಿಸುತ್ತಿದ್ದರು ಎಂಬ ಒಕ್ಕಣೆ, ಹೆಸರು, ಹುಟ್ಟಿದ ವರ್ಷ, ಕೊಂಡೊಯ್ದ ದಿನ, ಸತ್ತ ಸ್ಥಳ. ಗುಂಟರ್ ಡೆಮ್ನಿಗ್ ಎಂಬ ಕಲಾವಿದರು ಆರಂಭಿಸಿದ ಈ 'ಎಡವುಗಲ್ಲು'ಗಳನ್ನು ನಾಜಿಗಳಿಗೆ ಬಲಿಯಾದವರ ಮನೆಗಳ ಮುಂದೆ ಯುರೋಪಿನಾದ್ಯಂತ ಹಾಕಲಾಗಿದೆ. ಒಂದು ಲಕ್ಷದ ಕಲ್ಲನ್ನು 2023ರ ಮೇ ತಿಂಗಳಲ್ಲಿ ಹಾಕಿದ್ದು ನ್ಯೂರೆಂಬರ್ಗ್‌ನಲ್ಲಿಯೇ. ಆ ವೇದಿಕೆಯ ಮುಂದೆ ಕುತ್ತಿಗೆ ಹಿಂದಕ್ಕೆ ಬಾಗಿ, ನಾವು ಯಾರೂ ಅಲ್ಲವೆನಿಸುತ್ತದೆ. ಈ ಫಲಕವನ್ನು ಓದಲು ಸೊಂಟ ಬಗ್ಗಿಸಬೇಕು, ಆಗ ಹೆಸರಿರುವ ಒಬ್ಬ ಮನುಷ್ಯ ಎದುರಿಗೆ ಬಂದು ನಿಲ್ಲುತ್ತಾನೆ.

ನೀವು ಬಂದಾಗ ಎರಡನ್ನೂ ನೋಡಿ. ಸಮಯ ಕಡಿಮೆಯಿದ್ದರೆ ಹಿತ್ತಾಳೆ ಫಲಕವನ್ನೇ ಮೊದಲು ನೋಡಿ, ಅದರಲ್ಲಿನ ಹೆಸರನ್ನು ಒಮ್ಮೆ ಗಟ್ಟಿಯಾಗಿ ಓದಿ. ಅದಕ್ಕೆ ಪ್ರವೇಶ ಶುಲ್ಕವಿಲ್ಲ.